ಕುಂಟಹುಣಸೆ ತೋಪಿನ ಚಕ್ಕುಬಂದಿ

ಮಧುಗಿರಿಯ ತಾಲ್ಲೂಕು ಕಚೇರಿಯ ಎದುರು ಬೇವಿನ ಮರದಡಿ ಕುಳಿತು ಪತ್ರ ಬರೆದು ಹೊಟ್ಟೆ ಹೊರೆಯುತ್ತಿದ್ದವರು ಆಗ ಐದು ಜನ. ಅವರಲ್ಲಿ ನಾಲ್ವರು ಕೂತ ಜಾಗದಿಂದ ಏಳುತ್ತಿರಲಿಲ್ಲ. ಐದನೆಯವನು ಬಡವನಹಳ್ಳಿ ಕಡೆಯ ಗಂಗಹನುಮಯ್ಯ. ಈ ಮಹಾರಾಯನದು ಒಂದೇ ಹಟ. ಹೊಲ ಮಾರುವವನು ಬಂದು ಕ್ರಯಪತ್ರ ಬರೆದುಕೊಡಿ ಎಂದರೆ, "ನಡಿ, ಮೊದಲು ಹೊಲ ತೋರ್ಸು" ಎಂದು ಮೇಲೇಳುತ್ತಿದ್ದ. ಬಿಸಿಲಿರಲಿ, ಕೆಸರಿರಲಿ, ಹೊಲದ ನಾಲ್ಕು ಮಗ್ಗುಲಲ್ಲೂ ತಾನೇ ನಿಂತು, ಹೆಜ್ಜೆ ಎಣಿಸಿ, ಪಕ್ಕದ ಹೊಲದವನನ್ನು ಕರೆದು ಕೇಳಿ, ಆಮೇಲೆ ಚಕ್ಕುಬಂದಿ ಬರೆಯುವುದು. ಪೂರ್ವಕ್ಕೆ ಇಂಥವನ ಹೊಲ, ಪಶ್ಚಿಮಕ್ಕೆ ಇಂಥ ಹಳ್ಳ, ದಕ್ಷಿಣಕ್ಕೆ ಇಂಥ ಬಂಡಿಜಾಡು, ಉತ್ತರಕ್ಕೆ ಇಂಥ ಬಂಡೆ. ಕೊನೆಯಲ್ಲಿ, ಪತ್ರ ಬರೆದವನ ಗುರುತಾಗಿ, "ಬಿಕ್ಕಲಂ ಗಂಗಹನುಮಯ್ಯ" ಎಂದು ತನ್ನ ಹೆಸರು.

ಆ ಹೆಸರಿಗೆ ಬೆಲೆಯಿತ್ತು. ಅವನು ಬರೆದ ಗಡಿಯ ಮೇಲೆ ಒಬ್ಬನೂ ಕೋರ್ಟಿಗೆ ಹೋಗಿರಲಿಲ್ಲ. ಅಣ್ಣತಮ್ಮಂದಿರು ಬಡಿದಾಡಿಕೊಂಡರೂ, "ಗಂಗಹನುಮಯ್ಯ ನಿಂತು ನೋಡಿ ಬರ್ದವ್ರೆ ಕಣ್ಲಾ, ಸುಮ್ಕಿರು" ಎಂದರೆ ಕೈ ಕೆಳಗಿಳಿಯುತ್ತಿತ್ತು. ಬಡವನಿಗೆ ಇದ್ದ ಆಸ್ತಿ ಅದೊಂದೇ. ಅದನ್ನೂ ಅವನು ತನ್ನ ಕೈಯಾರೆ ಕಳೆದುಕೊಂಡ. ಹೆಂಗೆ ಕಳೆದುಕೊಂಡ ಎನ್ನುವುದನ್ನು ಹೇಳದೆ ಬಿಟ್ಟರೆ ಸತ್ತವನಿಗೆ ಅನ್ಯಾಯವಾಗುತ್ತದೆ.

ಪತ್ರಿಕೆಯ ಹುಚ್ಚು ಅವನಿಗೆ ಹತ್ತಿದ್ದು ಯುದ್ಧದ ಕಾಲದಲ್ಲಿ. ತುಮಕೂರಿನಿಂದ ಬರುತ್ತಿದ್ದ ಒಂದು ವಾರಪತ್ರಿಕೆಗೆ ಮಧುಗಿರಿ, ಪಾವಗಡ ಕಡೆಯ ಬಾತ್ಮೀದಾರ ಅವನೇ. ಸಂಬಳವೆಂದರೆ ವಾರಕ್ಕೊಂದು ಬಿಟ್ಟಿ ಪ್ರತಿ. ಬಾವಿ ಬತ್ತಿದ ಸುದ್ದಿ, ಚಿರತೆ ಕುರಿ ಹೊತ್ತುಕೊಂಡು ಹೋದ ಸುದ್ದಿ, ಐ.ಡಿ.ಹಳ್ಳಿಯಲ್ಲಿ ವಾಂತಿಭೇದಿ ಬಂದ ಸುದ್ದಿ, ಇಂಥವನ್ನೆಲ್ಲ ಬರೆದು ಕಳಿಸುತ್ತಿದ್ದ. ಗುರುವಾರ ಮಧ್ಯಾಹ್ನ ಟಪಾಲು ಬಸ್ಸಿನಲ್ಲಿ ಪತ್ರಿಕೆ ಬಂತೆಂದರೆ ಕಚೇರಿ ಎದುರಿನ ಕಾಫಿ ಹೋಟೆಲಿನ ಜಗಲಿ ಮೇಲೆ ನಿಂತು ಅದನ್ನು ಗಟ್ಟಿಯಾಗಿ ಓದುವವನೂ ಅವನೇ. ಓದು ಬಾರದ ಜನ ಕೆಳಗೆ ಕುಕ್ಕರುಗಾಲಲ್ಲಿ ಕೂತು ಕೇಳುವರು. ತಾನೇ ಬರೆದದ್ದನ್ನು ಬೇರೆ ಯಾರೋ ಬರೆದಂತೆ ಓದಿ, ನಡುನಡುವೆ "ಭಲೇ" ಎಂದು ತಾನೇ ತಲೆದೂಗುತ್ತಿದ್ದ. ನಾಚಿಕೆ ಎನ್ನುವುದು ಬಾತ್ಮೀದಾರನಿಗೆ ಇರಬಾರದೇನೋ.

ಪಾವಗಡ ಸೀಮೆ ಮೈಸೂರು ಮಹಾರಾಜರ ನೆಲವೇ. ಆದರೆ ಸುತ್ತಲೂ ಮದ್ರಾಸು ಸರ್ಕಾರದ ಸೀಮೆ. ಮಧುಗಿರಿಯಲ್ಲಿ ಇದ್ದಿಲು ಬಸ್ಸು ಹತ್ತಿ, ಒಂದಷ್ಟು ದೂರ ಪರಸೀಮೆಯೊಳಗೆ ಹಾದು, ಮತ್ತೆ ನಮ್ಮ ಮಹಾರಾಜರ ನೆಲಕ್ಕೆ ಇಳಿಯಬೇಕು. ನೀರಿಲ್ಲದ ದ್ವೀಪ ಅದು. ನಲವತ್ತಾರರ ಕೊನೆಯಲ್ಲಿ ಆಚೆ ಸೀಮೆಯಲ್ಲಿ ಹೆಂಡ, ಸಾರಾಯಿ ಎಲ್ಲ ಬಂದ್ ಆಯಿತು. ಈಚೆ ಅಂಗಡಿ ತೆರೆದೇ ಇತ್ತು. ಇನ್ನು ಕೇಳಬೇಕೆ! ಶನಿವಾರ ಹೊತ್ತಿಳಿಯುತ್ತಲೂ ಹಿಂದೂಪುರ, ಮಡಕಶಿರಾ, ಪೆನುಕೊಂಡದ ಕಡೆಯಿಂದ ಬಿಳಿಪಂಚೆಯ ದೊಡ್ಡ ಮನುಷ್ಯರು ಬಂಡಿ ಕಟ್ಟಿಸಿಕೊಂಡು ಈ ದ್ವೀಪಕ್ಕೆ ಬಂದಿಳಿಯತೊಡಗಿದರು. ಊರಲ್ಲಿ ಹಣೆ ತುಂಬ ನಾಮ, ವಿಭೂತಿ. ಇಲ್ಲಿ ಬಂದರೆ ಹೇಳುವವರಿಲ್ಲ ಕೇಳುವವರಿಲ್ಲ.

ಅವರೆಲ್ಲ ಸೇರುತ್ತಿದ್ದದ್ದು ಕುಂಟಹುಣಸೆ ತೋಪಿನಲ್ಲಿ. ಸಿಡಿಲು ಬಡಿದು ಅರ್ಧ ಮೈ ಕಳೆದುಕೊಂಡ ಹಳೆಯ ಹುಣಸೆಮರವೊಂದು ಅಲ್ಲಿದ್ದದ್ದರಿಂದ ಆ ಹೆಸರು. ತೋಪು ಮೈಸೂರು ನೆಲ, ಅದರ ಅಂಚಿಗೇ ಗಡಿಕಲ್ಲು, ಕಲ್ಲಿನಾಚೆ ಪರಸೀಮೆ. ತೋಪಿನಲ್ಲಿ ಹೆಂಡದಂಗಡಿ ಹಾಕಿದ್ದವನು ಪಾಲಪ್ಪ ಎಂಬ ಕಂಟ್ರಾಕ್ಟರು. ಹಗಲು ಲೈಸೆನ್ಸಿನ ಅಂಗಡಿ. ಕತ್ತಲಾದರೆ ಗ್ಯಾಸ್‌ಲೈಟು, ಗ್ರಾಮಫೋನು, ಅಂದರ್ ಬಾಹರ್ ಆಟ, ನಾಟಕದ ಕಂಪನಿ ಮುಳುಗಿ ದಿಕ್ಕು ತಪ್ಪಿದ ಹೆಂಗಸರು. ಆಚೆ ಪೊಲೀಸರು ಕಲ್ಲು ದಾಟುವಂತಿಲ್ಲ, ಈಚೆಯವರಿಗೆ ಅಷ್ಟು ದೂರ ಬರುವ ಮನಸ್ಸಿಲ್ಲ.

ತೋಪಿನ ಅನಾಚಾರದ ಬಗ್ಗೆ ಬರೆಯಿರಿ ಎಂದು ಸಂಪಾದಕರ ಕಾರ್ಡು ಬಂತು. ಗಂಗಹನುಮಯ್ಯ ತನ್ನ ಹಟದಂತೆ ತಾನೇ ಹೋದ. ಒಂದು ಮಧ್ಯಾಹ್ನ, ಜನವಿಲ್ಲದ ಹೊತ್ತಿನಲ್ಲಿ, ತೋಪಿನ ನಾಲ್ಕು ಮಗ್ಗುಲಲ್ಲೂ ನಿಂತು ನೋಡಿದ. ಹುಣಸೆಮರದಿಂದ ಗಡಿಕಲ್ಲಿಗೆ ಮೂವತ್ತೊಂದು ಹೆಜ್ಜೆ ಎಂದು ಎಣಿಸಿದ. ಬಂದು ಬರೆದ. ಏನು ಬರೆದ ಕೇಳಿ: "ಪಾನಪಿಪಾಸುಗಳ ಈ ನರಕಕೂಪಕ್ಕೆ ಪೂರ್ವಕ್ಕೆ ಗಡಿಕಲ್ಲು, ಪಶ್ಚಿಮಕ್ಕೆ ಬಸ್ಸು ನಿಲ್ಲುವ ಅರಳೀಕಟ್ಟೆ, ದಕ್ಷಿಣಕ್ಕೆ ಸದಾ ನೀರಿರುವ ಕಲ್ಲುಬಾವಿ, ಉತ್ತರಕ್ಕೆ ಪರಸೀಮೆಯ ಪೊಲೀಸರ ಕಾವಲಿಲ್ಲದ ಕುರಿದಾರಿ." ಇನ್ನೊಂದು ಪ್ರಾಣಿ ಹೀಗೆ ಬರೆಯುತ್ತಿರಲಿಲ್ಲ. ಚಕ್ಕುಬಂದಿಯಿಲ್ಲದೆ ಒಂದು ಜಾಗದ ಬಗ್ಗೆ ಬರೆಯುವುದು ಅವನ ಕೈಗೆ ಬರುತ್ತಲೇ ಇರಲಿಲ್ಲ.

ಸುದ್ದಿ ಅಚ್ಚಾಯಿತು. ಮುಂದಿನ ಶನಿವಾರ ತೋಪಿನಲ್ಲಿ ಕಾಲಿಡಲು ಜಾಗವಿಲ್ಲ! ಎಲ್ಲಿದೆ, ಎಲ್ಲಿಳಿಯಬೇಕು, ಯಾವ ದಾರಿಯಲ್ಲಿ ಹೋದರೆ ಪೊಲೀಸರಿಲ್ಲ ಎಂದು ತಿಳಿಯದೆ ಒದ್ದಾಡುತ್ತಿದ್ದವರಿಗೆಲ್ಲ ಪತ್ರಿಕೆಯೇ ದಾರಿ ತೋರಿಸಿತ್ತು.

ಎಂಟು ದಿನಕ್ಕೆ ಪಾಲಪ್ಪ ಮಧುಗಿರಿಗೆ ಬಂದ. ದಪ್ಪ ಮೀಸೆ, ಜರಿ ಪೇಟ, ಕೈಯಲ್ಲಿ ಸೇವಂತಿಗೆ ಹಾರ. ಬೇವಿನ ಮರದಡಿ ಎಲ್ಲರ ಎದುರಿಗೆ ಗಂಗಹನುಮಯ್ಯನ ಕೊರಳಿಗೆ ಹಾರ ಹಾಕಿ, ಕೈ ಮುಗಿದು, ತನ್ನ ಅರೆ ತೆಲುಗಿನಲ್ಲಿ ಹೇಳಿದ: "ಚಾಲಾ ಉಪಕಾರಮು ಸ್ವಾಮಿ! ನಾನು ಟಾಂಟಾಂ ಹೊಡಿಸಿದ್ರೂ ಇಷ್ಟು ಜನ ಬರ್ತಿರ್ಲಿಲ್ಲ. ಒಂದು ಸಲ ತೋಪಿಗೆ ಬಂದು ನಮ್ಮ ಮರ್ಯಾದೆ ತಗಳಿ."

ಕಚೇರಿ ಜವಾನನಿಂದ ಹಿಡಿದು ಕಾಫಿ ಹೋಟೆಲಿನವನವರೆಗೆ ಎಲ್ಲರೂ ಬಿದ್ದು ಬಿದ್ದು ನಕ್ಕರು. ಗಂಗಹನುಮಯ್ಯ ಹಾರ ಕಿತ್ತೆಸೆದ. ಮೈಯೆಲ್ಲ ಉರಿದುಹೋಯಿತು. ಈ ಪಾಲಪ್ಪನ ಹುಟ್ಟಡಗಿಸುತ್ತೇನೆ, ಒಳಗೆ ಹೊಕ್ಕು ಯಾರು ಬರುತ್ತಾರೆ, ಏನು ನಡೆಯುತ್ತದೆ, ಹೆಸರು ಸಹಿತ ಬರೆಯುತ್ತೇನೆ ಎಂದು ಆಣೆಯಿಟ್ಟ. ನಿಂತು ನೋಡಿಯೇ ಬರೆಯಬೇಕಲ್ಲ! ಮುಂದಿನ ಶನಿವಾರವೇ ಬಸ್ಸು ಹತ್ತಿದ.

ಅರಳೀಕಟ್ಟೆಯಲ್ಲಿ ಇಳಿದವನನ್ನು ತೋಪಿಗೆ ಕರೆದೊಯ್ದವನು ಬಂಡಿ ಓಬಳಯ್ಯ. ಮೂರು ವರ್ಷದ ಹಿಂದೆ ಓಬಳಯ್ಯ ಅರ್ಧ ಎಕರೆ ಕೊಂಡಾಗ ಪತ್ರ ಬರೆದವನು ಗಂಗಹನುಮಯ್ಯನೇ. ಆ ಹೊಲದ ಗಡಿಯಲ್ಲಿ ನಿಂತು ಓಬಳಯ್ಯನ ಹೆಂಡತಿ ಆಂಜಿನಮ್ಮ ಕೊಟ್ಟ ಮಜ್ಜಿಗೆ ಕುಡಿದಿದ್ದ. ಅದನ್ನು ಓಬಳಯ್ಯ ಮರೆತಿರಲಿಲ್ಲ.

"ಅಯ್ಯಾ, ನಿಮ್ಮಂಥೋರು ಇಲ್ಲಿಗ್ಯಾಕೆ ಬಂದ್ರಿ? ಇದು ಒಳ್ಳೇರು ಬರೋ ಜಾಗ ಅಲ್ಲ" ಎಂದ.

"ಬರಿಯಾಕೆ ಬಂದಿದೀನಿ ಕಣೋ. ಇವರ ಬಂಡವಾಳನೆಲ್ಲ ಬಯಲಿಗೆ ಎಳೀತೀನಿ."

"ಹಂಗಾದ್ರೆ ಸರಿ ಬುಡಿ" ಎಂದು ಓಬಳಯ್ಯ ಎತ್ತಿನ ಬಾಲ ಮುರಿದ. ನಂಬಿಬಿಟ್ಟ, ಪಾಪ.

ತೋಪಿನಲ್ಲಿ ಪಾಲಪ್ಪ ಅವನನ್ನು ಹೊಡೆಯಲಿಲ್ಲ, ಬೈಯಲಿಲ್ಲ. ಹೊಡೆದಿದ್ದರೆ ಎಷ್ಟೋ ವಾಸಿಯಿತ್ತು. "ರಾವಯ್ಯಾ, ರಾ! ಕೂಚೋ" ಎಂದು ಹುಣಸೆಮರದಡಿ ಒಂದು ಹಗ್ಗದ ಮಂಚ ಹಾಕಿಸಿ, ಮೇಲೆ ಜಮಖಾನ ಹಾಸಿ ಕೂರಿಸಿದ. ಬಂದವರಿಗೆಲ್ಲ "ಇವರು ಪೇಪರ್ ಅಯ್ಯನೋರು" ಎಂದು ಪರಿಚಯ ಮಾಡಿಸಿದ. ಹಿಂದೂಪುರದ ಮಂಡಿ ಸಾಹುಕಾರ ಎದ್ದು ನಿಂತು ಕೈ ಮುಗಿದ. ಒಬ್ಬ ವಕೀಲ ಸಿಗರೇಟು ಕೊಟ್ಟ. ಹುಟ್ಟಿದಾರಭ್ಯ ಕಚೇರಿ ಮುಂದೆ ಧೂಳಲ್ಲಿ ಕೂತು ಜವಾನನಿಗೂ ಸಲಾಮು ಹೊಡೆದವನಿಗೆ ಹಗ್ಗದ ಮಂಚವೇ ಅಂಬಾರಿಯಾಯಿತು. ಮೊದಲ ಶನಿವಾರ ಎಳನೀರು ಕುಡಿದ. ಎರಡನೆಯದಕ್ಕೆ ನೀರಾ ಎಂದುಕೊಂಡು ಹೆಂಡ ಕುಡಿದ. ಮೂರನೆಯದಕ್ಕೆ ಗೊತ್ತಿದ್ದೇ ಕುಡಿದ.

ಪತ್ರಿಕೆಗೆ ತೋಪಿನ ಮೇಲೆ ಒಂದಕ್ಷರ ಹೋಗಲಿಲ್ಲ. ಸಂಪಾದಕರು ಕೇಳಿದರೆ "ವಿವರ ಸಂಗ್ರಹಿಸುತ್ತಿದ್ದೇನೆ" ಎಂದು ಕಾರ್ಡು ಹಾಕುತ್ತಿದ್ದ. ಹೆಂಡತಿ ಪುಟ್ಟಕ್ಕನಿಗೂ ಅದೇ ಉತ್ತರ. ಅವಳೇನು ಸಂಪಾದಕಳೇ, ಒಪ್ಪಿಕೊಳ್ಳಲು?

"ಅಂಗಿ ಹುಳ್ಳಗೆ ನಾರ್ತೈತೆ" ಎಂದಳು, ಬಾವಿಕಟ್ಟೆಯಲ್ಲಿ ಬಟ್ಟೆ ಒಗೆಯುತ್ತ ಬೀದಿಗೆಲ್ಲ ಕೇಳುವಂತೆ. "ಪೇಪರಿಗೆ ಬರಿಯಾಕೆ ಹೋಗ್ತೀರೋ, ಪಾಲಪ್ಪನ ಪಡಖಾನೆ ಗುಡ್ಸಾಕೆ ಹೋಗ್ತೀರೋ?"

"ನಿಂಗೇನೇ ಗೊತ್ತು ಪತ್ರಿಕೆ ಕೆಲಸ? ಬಾಯಿ ಮುಚ್ಚು."

"ನಾನು ಮುಚ್ಚಿದ್ರೆ ಊರು ಮುಚ್ತದಾ?"

ಊರು ಮುಚ್ಚಲಿಲ್ಲ. ಆದರೂ ಅವನು ಕಿವಿಗೆ ಹಾಕಿಕೊಳ್ಳಲಿಲ್ಲ.

ಜನವರಿಯ ಒಂದು ಶನಿವಾರ, ಬಂಡಿಯಲ್ಲಿ ಬರುವಾಗ ಓಬಳಯ್ಯ ದನಿ ತಗ್ಗಿಸಿ ಹೇಳಿದ: "ಅಯ್ಯಾ, ಗುರುವಾರ ಗುರುವಾರ ನಂಗೆ ಸಾರಾಯಿ ಡಬ್ಬ ಹೇರ್ಕಂಡು ಆಚೆ ಸೀಮೆಗೆ ಹೋಗು ಅಂತಾರೆ. ಡಬ್ಬದಾಗೆ ಇರೋದು ಸಾರಾಯಿ ಅಲ್ಲ ಅಯ್ಯಾ, ಅದೇನೋ ಪಾಲಿಶಿಗೆ ಹಾಕೋ ಇಸ್ಪಿರಿಟ್ಟು. ಹೋದ ವಾರ ಅದನ್ನ ಕುಡಿದು ಆಚೆ ಒಬ್ಬನ ಕಣ್ಣೇ ಹೋಯ್ತು. ನಾನಿನ್ನು ಆ ಬಂಡಿ ಹೊಡಿಯಲ್ಲ. ನೀವು ಇದನ್ನ ಪೇಪರ್‌ನಾಗೆ ಹಾಕ್ಬೇಕು. ನನ್ನ ಹೆಸ್ರು ಮಾತ್ರ ಬ್ಯಾಡ." ಬಂಡಿ ಹೋಗುವ ದಾರಿಯನ್ನೂ ಹೇಳಿದ. ಒಣಹಳ್ಳ ಇಳಿದು, ಹಾಳು ಬುರುಜನ್ನು ಎಡಕ್ಕೆ ಬಿಟ್ಟು, ಕುರಿರೊಪ್ಪದ ಹಿಂದಿನ ಜಾಡು ಹಿಡಿದು.

"ಬರೀತೀನಿ, ನಿನ್ನ ಹೆಸ್ರು ಬರಲ್ಲ" ಎಂದ ಗಂಗಹನುಮಯ್ಯ.

ಮಾತು ಉಳಿಸಿಕೊಂಡ. ಹೆಸರು ಹೇಳಲೇ ಇಲ್ಲ. ಅಂದು ಸಂಜೆ ಮೂರನೆಯ ಲೋಟ ಇಳಿದ ಮೇಲೆ ಪಾಲಪ್ಪ ತಮಾಷೆಗೆ, "ಏಮಯ್ಯಾ ಪೇಪರಯ್ಯಾ, ಇಷ್ಟು ದಿನದಿಂದ ಕೂತಿದೀಯ, ನಮ್ಮ ಬಗ್ಗೆ ಏನು ತಿಳ್ಕೊಂಡೆ?" ಎಂದು ಕೆಣಕಿದ. ಸಾಹುಕಾರರೆಲ್ಲ ನಕ್ಕರು. ಗಂಗಹನುಮಯ್ಯನಿಗೆ ರೋಷ ಬಂತು. ಮಂಚದ ಮೇಲೆ ನೆಟ್ಟಗೆ ಕೂತು, ತೊದಲುತ್ತ, "ನಂಗೆ ಎಲ್ಲಾ ಗೊತ್ತು. ನಿನ್ನ ಗುರುವಾರದ ಡಬ್ಬದ ದಾರಿಗೆ ಪೂರ್ವಕ್ಕೆ ಕುರಿರೊಪ್ಪ, ಪಶ್ಚಿಮಕ್ಕೆ ಒಣಹಳ್ಳ, ಉತ್ತರಕ್ಕೆ ಹಾಳು ಬುರುಜು..." ಎಂದು ಶುರು ಮಾಡಿದ.

ಪಾಲಪ್ಪ ನಗುವುದನ್ನು ನಿಲ್ಲಿಸಿದ. ಆ ದಾರಿ ಗೊತ್ತಿದ್ದದ್ದು ಬಂಡಿ ಹೊಡೆಯುವವನಿಗೆ ಮಾತ್ರ. ಬಂಡಿ ಹೊಡೆಯುವವನು ಒಬ್ಬನೇ.

ಆ ರಾತ್ರಿ ಹುಣಸೆಮರದಡಿ ಏನು ನಡೆಯಿತು ಎಂದು ಕೇಳಿದವರಿಗೆಲ್ಲ ಗಂಗಹನುಮಯ್ಯ ಮುಂದೆ ಹೇಳಿದ್ದು ಒಂದೇ ಮಾತು: ಕುಡಿದು ಎಚ್ಚರವಿಲ್ಲದೆ ಮಲಗಿಬಿಟ್ಟಿದ್ದೆ. ಹೆಂಡತಿಗೂ ಅದನ್ನೇ ಹೇಳಿದ. ಸದ್ಯಕ್ಕೆ ನಾವೂ ಅದನ್ನೇ ನಂಬೋಣ.

ಬೆಳಕು ಹರಿಯುವಾಗ ಅವನು ಕಂಬಳಿ ಸರಿಸಿ ನೋಡಿದ. ಮಂಚದಿಂದ ಆರು ಹೆಜ್ಜೆ ದೂರದಲ್ಲಿ, ಹುಣಸೆಯ ಬೇರಿಗೆ ತಲೆಯಿಟ್ಟು ಓಬಳಯ್ಯ ಬಿದ್ದಿದ್ದ. ತಲೆ ಒಡೆದಿತ್ತು, ಉಸಿರಿರಲಿಲ್ಲ. ಪಾಲಪ್ಪನ ಆಳುಗಳಿಬ್ಬರು ಬಂದು, ಅವನು ನೋಡುತ್ತಿದ್ದಂತೆಯೇ, ಹೆಣದ ಕೈಕಾಲು ಹಿಡಿದು ಎತ್ತಿದರು. ಗಡಿಕಲ್ಲು ದಾಟಿಸಿ ಆಚೆ ಮಲಗಿಸಿ ಬಂದರು. ಒಬ್ಬ ಬೇರಿನ ಮೇಲಿನ ರಕ್ತಕ್ಕೆ ಮಣ್ಣು ಹಾಕಿ, ಅದರ ಮೇಲೆ ಹೆಂಡದ ಗಸಿ ಸುರಿದ.

ಬಿಸಿಲೇರುವ ಹೊತ್ತಿಗೆ ಈಚೆ ಸೀಮೆಯ ಒಬ್ಬ ಪೊಲೀಸ್ ದಫೇದಾರ ಬಂದ. ಹಿಂದೆಯೇ ಎದೆ ಬಡಿದುಕೊಳ್ಳುತ್ತ ಆಂಜಿನಮ್ಮ ಬಂದಳು. ದಫೇದಾರ ಗಡಿಕಲ್ಲಿನವರೆಗೆ ಹೋಗಿ ನಿಂತು, ಆಚೆ ಬಿದ್ದ ಹೆಣ ನೋಡಿ, ದೊಡ್ಡ ಭಾರ ಇಳಿದವನಂತೆ ಉಸಿರು ಬಿಟ್ಟ. "ಪರಸೀಮೆ ಹೆಣ. ನಮಗೆ ಸಂಬಂಧ ಇಲ್ಲ. ಹೆಣ ಬಿದ್ದ ಜಾಗ ಇಂಥದು ಅಂತ ಒಂದು ಮಹಜರು ಆದರೆ ಸಾಕು. ಬರೆಯೋರು ಯಾರಿದ್ದೀರಿ?"

"ಇಲ್ಲೇ ಅವ್ರಲ್ಲ, ಗಂಗಹನುಮಯ್ಯನೋರು!" ಎಂದ ಪಾಲಪ್ಪ. "ಇವರು ಬರೆದ ಚಕ್ಕುಬಂದಿ ಅಂದ್ರೆ ಹೈಕೋರ್ಟೂ ಕೈ ಮುಗೀತದೆ."

ಆಂಜಿನಮ್ಮ ಅಳು ನಿಲ್ಲಿಸಿ ತಿರುಗಿ ನೋಡಿದಳು. ಆ ಮುಖದಲ್ಲಿ ಒಂದು ಆಸೆ ಚಿಗುರಿದ್ದನ್ನು ಗಂಗಹನುಮಯ್ಯ ಸಾಯುವ ತನಕ ಮರೆಯಲಿಲ್ಲ. "ಅಯ್ಯ ಇಲ್ಲೇ ಅವ್ರಾ! ಹಂಗಾದ್ರೆ ಸರಿ. ದಫೇದಾರಪ್ಪ, ನನ್ನ ಗಂಡನ ಟವಲ್ಲು ಈ ಹುಣಸೆಮರದ ಕೆಳ್ಗೆ ಬಿದ್ದದೆ, ಅವನು ಸತ್ತಿದ್ದು ಈ ಕಡೇನೇ. ಅಯ್ಯ ಸುಳ್ಳು ಬರಿಯಲ್ಲ. ನಿಂತು ನೋಡ್ದೆ ಅವರು ಬರಿಯೋದೇ ಇಲ್ಲ."

ಗಂಗಹನುಮಯ್ಯ ಕಾಗದ ತೆಗೆದ. ಆಗ ಪಾಲಪ್ಪ ಮಂಚದ ಪಕ್ಕ ಬಗ್ಗಿ, ಲೇಖನಿಗೆ ಮಸಿ ಕುಡಿಕೆ ಹಿಡಿಯುವ ನೆಪದಲ್ಲಿ, ಕಿವಿಯಲ್ಲಿ ಹೇಳಿದ: "ಅವನ ಸುದ್ದಿ ನನ್ನ ಕಿವಿಗೆ ಹಾಕಿದ್ದು ಯಾರು? ನೀನೇ ಕದಯ್ಯಾ. ನಾನು ಒಳಗೆ ಹೋದ್ರೆ ನಿನ್ನ ಬಿಟ್ಟು ಹೋಗ್ತೀನಾ?"

ಥೂ, ಆ ಕೈ ಸೇದಿಹೋಗಬಾರದಿತ್ತೇ! ಸೇದಲಿಲ್ಲ. ಮುತ್ತಿನಂಥ ಅಕ್ಷರದಲ್ಲಿ ಬರೆಯಿತು. ಹೆಣ ಬಿದ್ದಿರುವ ಸ್ಥಳಕ್ಕೆ ಪಶ್ಚಿಮಕ್ಕೆ ಗಡಿಕಲ್ಲು, ಎಂದು. ಅಂದರೆ ಸತ್ತದ್ದು ಕಲ್ಲಿನಾಚೆ, ಪರಸೀಮೆಯಲ್ಲಿ. ಈಚೆ ನೆಲದಲ್ಲಿ ಗುರುತೇನೂ ಕಂಡುಬರಲಿಲ್ಲ. ಬಿಕ್ಕಲಂ ಗಂಗಹನುಮಯ್ಯ. ದಫೇದಾರ ಓದಿ ಹೇಳಿದಾಗ ಆಂಜಿನಮ್ಮನಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೂ ಅವಳು ಅವನನ್ನು ಬೈಯಲಿಲ್ಲ.

ಅಲ್ಲಿಂದ ಮುಂದೆ ಅವಳ ಪಾಡು ಯಾರಿಗೂ ಬೇಡ. ಆಚೆ ಪೊಲೀಸರು, ಸತ್ತವನು ಮೈಸೂರಿನವನು, ಹೊಡೆದವರೂ ಮೈಸೂರಿನವರು, ಅಲ್ಲಿಗೇ ಹೋಗು ಎಂದರು. ಈಚೆಯವರು ಮಹಜರು ತೋರಿಸಿ, ಸತ್ತದ್ದು ಅಲ್ಲಿ, ಅಲ್ಲಿಗೇ ಹೋಗು ಎಂದರು. ಕಲ್ಲಿನ ಆ ಕಡೆಗೂ ಈ ಕಡೆಗೂ ನಾಲ್ಕು ತಿಂಗಳು ಓಡಾಡಿದಳು. ಕೊನೆಗೊಂದು ಬುಧವಾರ ಮಧುಗಿರಿಯ ಬೇವಿನ ಮರದಡಿ ಬಂದು ಗಂಗಹನುಮಯ್ಯನ ಮುಂದೆ ಕೂತಳು.

ಅವಳು ಕಿರುಚಿದ್ದರೆ ಅವನು ಎದ್ದು ಓಡಿಹೋಗುತ್ತಿದ್ದ. ಕಿರುಚಲಿಲ್ಲ. "ಅಯ್ಯಾ, ಅವತ್ತು ನಿಮಗೂ ಸಂಕ್ಟ ಆಗಿತ್ತು. ಎಲ್ಲೋ ಹೆಜ್ಜೆ ತಪ್ಪಿ ಎಣಿಸ್ಬುಟ್ಟಿದೀರಿ. ನಾನು ಎಣಿಸ್ದೆ, ಮರದಿಂದ ಕಲ್ಲಿಗೆ ಮೂವತ್ತೊಂದು ಹೆಜ್ಜೆ. ಇನ್ನೊಂದ್ಸಲ ಬಂದು ನಿಂತು ನೋಡಿ, ಸರಿಯಾಗಿ ಬರ್ಕೊಡಿ."

"ಬರ್ತೀನಿ ಬುಡವ್ವ. ಮುಂದಿನ ವಾರ" ಎಂದ.

ಮುಂದಿನ ವಾರವೂ ಬಂದಳು. ಅದರ ಮುಂದಿನ ವಾರವೂ ಬಂದಳು. ಬಂದವಳು ಸೆರಗು ಹೊದ್ದು ಸುಮ್ಮನೆ ಕೂರುವಳು, ಸಂಜೆಗೆ ಎದ್ದು ಹೋಗುವಳು. ಗಿರಾಕಿಗಳು "ಯಾರವ್ವ ನೀನು?" ಎಂದರೆ, "ಅಯ್ಯನಿಂದ ಒಂದು ಪತ್ರ ಆಗ್ಬೇಕಿತ್ತು" ಎನ್ನುವಳು, ಅಷ್ಟೇ. ಅವಳ ಎದುರಿಗೆ ಕೂತು ಬೇರೆಯವರ ಹೊಲದ ಚಕ್ಕುಬಂದಿ ಬರೆಯುವಾಗ ಗಂಗಹನುಮಯ್ಯನಿಗೆ ಪೂರ್ವ ಯಾವುದು ಪಶ್ಚಿಮ ಯಾವುದು ಎಂದೇ ಮರೆತುಹೋಗುತ್ತಿತ್ತು. ಎರಡು ಪತ್ರ ತಪ್ಪಿದವು. ಹೊಲ ನೋಡಲು ಹೋಗುವುದನ್ನೇ ಬಿಟ್ಟ. ತೋಪಿಗಂತೂ ಅವತ್ತಿನಿಂದ ಕಾಲಿಟ್ಟಿರಲಿಲ್ಲ. ಆದರೆ ಪಾಲಪ್ಪನ ಆಳೊಬ್ಬ ವಾರಕ್ಕೊಮ್ಮೆ ಕಾಫಿ ಹೋಟೆಲಿನ ಬೆಂಚಿನ ಮೇಲೆ ಕೂತು ಅವನನ್ನು ನೋಡಿಕೊಂಡು ಹೋಗುತ್ತಿದ್ದ.

ಒಂದು ಬುಧವಾರ ಪುಟ್ಟಕ್ಕ ಊಟ ತಂದವಳು ಆಂಜಿನಮ್ಮನನ್ನು ಕಂಡಳು. ಮನೆಗೆ ಕರೆದೊಯ್ದು ಮುದ್ದೆ ಇಕ್ಕಿದಳು, ಎಲ್ಲ ಕೇಳಿದಳು. ರಾತ್ರಿ ಗಂಡನ ಮುಂದೆ ನಿಂತಳು.

"ಹೆಜ್ಜೆ ತಪ್ಪಿತ್ತಾ?"

ಅವನು ಬುಡ್ಡಿ ದೀಪದ ಬತ್ತಿ ಸರಿಮಾಡತೊಡಗಿದ.

"ಇಪ್ಪತ್ತು ವರ್ಸದಿಂದ ನಿಮ್ಮ ಜೊತೆ ಬಾಳ್ವೆ ಮಾಡಿದೀನಿ. ನಿಮ್ಮ ಹೆಜ್ಜೆ ಒಂದು ದಿನ ತಪ್ಪಿದ್ದಿಲ್ಲ. ಆ ಹೆಣ್ಣುಮಗಳು ಇವತ್ತಿಗೂ ನಿಮ್ಮನ್ನ ದೇವ್ರು ಅಂತವ್ಳೆ. ನಂಗೆ ಹೊಟ್ಟೆಗೆ ಬೆಂಕಿ ಬಿದ್ದಂಗಾಯ್ತು. ನೀವು ಬರೀದಿದ್ರೆ ನಾಳೆ ನಾನೇ ಹೋಗಿ ಆಯಮ್ಮಂಗೆ ಹೇಳ್ತೀನಿ, ನೀವು ಪಾಲಪ್ಪನ ಎಂಜಲು ತಿಂದೋರು ಅಂತ."

ಆ ರಾತ್ರಿ ಬುಡ್ಡಿ ದೀಪದ ಮುಂದೆ ಕೂತು ಅವನು ಬರೆದ. ಪತ್ರಿಕೆಗೆ ಬರೆದ, ಯಾಕೆಂದರೆ ಅಮಲ್ದಾರರಿಗೆ ಬರೆಯುವ ಧೈರ್ಯ ಇರಲಿಲ್ಲ. ಡಬ್ಬದ ವಿಷಯ ಬರೆದ, ಹೆಣ ಎತ್ತಿ ಸಾಗಿಸಿದ್ದು ಬರೆದ, ಮಹಜರು ಸುಳ್ಳು ಎಂದು ಬರೆದ. ಕೊನೆಗೆ ತನ್ನ ಅಭ್ಯಾಸದಂತೆ: "ಓಬಳಯ್ಯನು ಸತ್ತ ಸ್ಥಳದ ಚಕ್ಕುಬಂದಿ. ಪೂರ್ವಕ್ಕೆ ಮೂವತ್ತೊಂದು ಹೆಜ್ಜೆ ದೂರದಲ್ಲಿ ಗಡಿಕಲ್ಲು. ಪಶ್ಚಿಮಕ್ಕೆ ಪಾಲಪ್ಪನ ಅಂಗಡಿ. ದಕ್ಷಿಣಕ್ಕೆ ಹುಣಸೆಮರದ ಬುಡ. ಉತ್ತರಕ್ಕೆ ಆರು ಹೆಜ್ಜೆ ದೂರದಲ್ಲಿ, ಕುಡಿದು ಮಲಗಿದ್ದ ಈ ಪತ್ರಿಕೆಯ ಬಾತ್ಮೀದಾರ."

ಎರಡು ವಾರ ಪತ್ರಿಕೆಯಲ್ಲಿ ಅದು ಬರಲಿಲ್ಲ. ಮೂರನೆಯ ವಾರ ಬಂತು. ಮೈಸೂರು ಸೀಮೆಯಲ್ಲೆಲ್ಲ ಆಗ ಸ್ವರಾಜ್ಯದ ಮಾತು. ಗುರುವಾರ ಹೋಟೆಲಿನ ಮುಂದೆ ಎಂದಿಗಿಂತ ಹೆಚ್ಚು ಜನ ಸೇರಿದ್ದರು. ಆಂಜಿನಮ್ಮನನ್ನು ಪುಟ್ಟಕ್ಕ ಹಿಂದಿನ ದಿನವೇ ಮನೆಯಲ್ಲಿ ಉಳಿಸಿಕೊಂಡು ಈಗ ಜಗಲಿಯ ಕೆಳಗೆ ತಂದು ಕೂರಿಸಿದ್ದಳು. ಪಾಲಪ್ಪನ ಆಳು ಬೆಂಚಿನ ಮೇಲೆ ಬೀಡಿ ಸೇದುತ್ತಿದ್ದ.

ಗಂಗಹನುಮಯ್ಯ ಜಗಲಿ ಹತ್ತಿ ಪತ್ರಿಕೆ ಬಿಡಿಸಿದ. ಅವತ್ತು "ಭಲೇ" ಇಲ್ಲ, ತಲೆದೂಗುವುದಿಲ್ಲ. ದೊಡ್ಡ ದನಿಯಲ್ಲಿ ಓದುತ್ತ ಹೋದ. ಆಳು ಬೀಡಿ ಬಿಸಾಡಿ ಎದ್ದು ನಿಂತ. ಚಕ್ಕುಬಂದಿ ಬಂತು. ಪೂರ್ವ ಓದಿದ, ಪಶ್ಚಿಮ ಓದಿದ, ದಕ್ಷಿಣ ಓದಿದ. ಅಲ್ಲಿಗೆ ಸುದ್ದಿ ಮುಗಿದು ಕೆಳಗೆ ಹಲ್ಲುಪುಡಿಯ ಜಾಹೀರಾತಿತ್ತು. ಸಂಪಾದಕರು ನಾಲ್ಕನೆಯ ಗಡಿಯನ್ನು ಕತ್ತರಿಸಿ ಬಿಸಾಡಿದ್ದರು. ಪತ್ರಿಕೆಯ ಮಾನ ಉಳಿಯಬೇಕಲ್ಲ!

ಅವನು ಅಲ್ಲಿಗೇ ನಿಲ್ಲಿಸಬಹುದಿತ್ತು. ಪತ್ರಿಕೆ ಮಡಚಿ ಇಳಿದಿದ್ದರೆ, ಪಾಲಪ್ಪನ ಮೇಲೆ ಬರೆದ ಧೀರ ಎಂದು ಆ ಜನವೇ ಅವನನ್ನು ಹೊತ್ತು ಮೆರೆಸುತ್ತಿತ್ತು. ಒಂದು ಗಳಿಗೆ ಆ ಆಸೆಯೂ ಬಂತು ಅವನಿಗೆ. ಸುಳ್ಳು ಯಾಕೆ ಹೇಳಬೇಕು, ಬಂತು. ಆಮೇಲೆ ಪತ್ರಿಕೆ ಕೆಳಗಿಳಿಸಿ, ಆಂಜಿನಮ್ಮನ ಕಡೆ ನೋಡದೆ ಹೇಳಿದ:

"ಉತ್ತರಕ್ಕೆ ಆರು ಹೆಜ್ಜೆ ದೂರದಲ್ಲಿ, ಕುಡಿದು ಮಲಗಿದ್ದ ಗಂಗಹನುಮಯ್ಯ. ಇದು ಅಚ್ಚಾಗಿಲ್ಲ. ನಾನು ಬರ್ದಿದ್ದೆ. ಆ ಮಹಜರು ಬರ್ದೋನೂ ನಾನೇ. ಹೆಜ್ಜೆ ತಪ್ಪಿರ್ಲಿಲ್ಲ ತಾಯಿ, ಬೇಕಂತಲೇ ಬರ್ದೆ. ಡಬ್ಬದ ದಾರಿ ಪಾಲಪ್ಪನ ಮುಂದೆ ಬಾಯಿಬಿಟ್ಟೋನೂ ನಾನೇ."

ಯಾರೋ ಕ್ಯಾಕರಿಸಿ ಉಗಿದರು. ಇನ್ನೊಬ್ಬ, "ನನ್ನ ಹೊಲದ ಪತ್ರ ಬರ್ದಿರೋದೂ ಈ ನನ್ಮಗನೇ ಕಣ್ರಲಾ!" ಎಂದು ಕೂಗಿದ. ಗದ್ದಲವೆದ್ದಿತು. ಆಂಜಿನಮ್ಮ ಮಾತ್ರ ಕೂತಲ್ಲಿಂದ ಎದ್ದು ಜಗಲಿಯ ಹತ್ತಿರ ಬಂದಳು. ಅವಳು ಬಾಯಿ ತೆರೆದಾಗ ಗದ್ದಲ ತಾನಾಗಿಯೇ ನಿಂತಿತು.

"ಆರು ಹೆಜ್ಜೆ ಅಂದ್ರಿ."

"ಹೂಂ ಕಣವ್ವ."

"ಆರು ಹೆಜ್ಜೆ ದೂರದಾಗೆ ಒಬ್ಬ ಮನ್ಸನ್ನ ಬಡಿದು ಸಾಯ್ಸಿದ್ರೆ, ಎಷ್ಟು ಕುಡಿದ್ರೂ ಎಚ್ಚರ ಆಗಲ್ವಾ?" ಎಂದಳು. ಆಮೇಲೆ ಮೆಲ್ಲಗೆ ಕೇಳಿದಳು: "ಅವನು ಕೂಗಿದ್ದು ಕೇಳಿಸ್ತಾ?"

ಗಂಗಹನುಮಯ್ಯ ಜಗಲಿಯ ಕಂಬ ಹಿಡಿದುಕೊಂಡ. ಪುಟ್ಟಕ್ಕ ಕೂಡ ತಲೆಯೆತ್ತಿ ಅವನನ್ನೇ ನೋಡುತ್ತಿದ್ದಳು.

"ಕೇಳಿಸ್ತು" ಎಂದ.

"ಏನಂತ ಕೂಗ್ದ?"

"'ಅಯ್ಯಾ' ಅಂತ. ಎರಡು ಸಲ. ನನ್ನನ್ನೇ ಕೂಗಿದ್ದು. ನಾನು ಕಂಬಳಿ ತಲೆ ಮೇಲೆ ಎಳ್ಕಂಡೆ."

ಆಂಜಿನಮ್ಮ ಅಳಲಿಲ್ಲ. ಬೇವಿನ ಮರದಡಿ ಹೋಗಿ, ಗಂಗಹನುಮಯ್ಯನ ಜಾಗದ ಪಕ್ಕದಲ್ಲಿ ಕೂರುತ್ತಿದ್ದ ಇನ್ನೊಬ್ಬ ಬರಹಗಾರನ ಮುಂದೆ ಕೂತಳು. ಎಂದೂ ಹೊಲ ನೋಡದೆ ಪತ್ರ ಬರೆಯುತ್ತಿದ್ದವನು ಅವನು. "ಬರೀರಣ್ಣ, ಅಮಲ್ದಾರ್ರಿಗೆ" ಎಂದಳು. "ಈವಯ್ಯ ಈಗ ಹೇಳಿದ್ದನ್ನ ಹೇಳ್ದಂಗೆ ಬರೀರಿ. ಕೇಳಿಸ್ತು ಅಂದಿದ್ದನ್ನೂ ಬರೀರಿ."

ಅರ್ಜಿ ಮುಗಿಯುವವರೆಗೆ ಗಂಗಹನುಮಯ್ಯ ಬಿಸಿಲಲ್ಲಿ ನಿಂತಿದ್ದ. ಕೊನೆಗೆ ಅವಳು ಕಾಗದವನ್ನು ಅವನ ಮುಂದೆ ಹಿಡಿದಳು. ಬಿಕ್ಕಲಂ ಬೇರೆಯವನದು. ಅದರ ಕೆಳಗೆ, ಸಾಕ್ಷಿ ಎಂದು ಬರೆದಿದ್ದ ಕಡೆ, ಅವನು ರುಜು ಹಾಕಿದ.